ಬರೆದ ಹುಲ್ಲು

ಎತ್ತುಗಳು ಬೆಳಿಗ್ಗೆ ಎದ್ದು ಸೀದಾ ಗೋಡೆಯ ಹತ್ತಿರ ಹೋಗಿ ನಿಲ್ಲುತ್ತಿದ್ದವು. ಗೋಡೆಯ ಆಚೆ ಅವು ಕರುವಾಗಿದ್ದಾಗಿನಿಂದ ಮೇಯ್ದ ಹುಲ್ಲಿನ ಕಾವಲು. ದೊಡ್ಡಉಳ್ಳಾರ್ತಿಯ ಆ ಕಾವಲನ್ನು ಸರ್ಕಾರ ಬೇರೆ ಯಾರಿಗೋ ಕೊಟ್ಟು ಗೋಡೆ ಕಟ್ಟಿಸಿ ವರ್ಷಗಳಾದರೂ ಅವುಗಳ ಕಾಲು ಹಳೆಯ ದಾರಿ ಬಿಟ್ಟಿರಲಿಲ್ಲ.

ಅವುಗಳನ್ನು ಕಾಯುವ ಕಿಲಾರಿ ನಮ್ಮ ಸೋದರಮಾವ ಓಬಯ್ಯ. ಅವು ದೇವರಿಗೆ ಬಿಟ್ಟ ಎತ್ತುಗಳು, ನೊಗ ಹೂಡುವಂತಿಲ್ಲ, ಕೋಲು ಎತ್ತುವಂತಿಲ್ಲ. ಅವು ತಾವಾಗಿ ಬೇಸತ್ತು ತಿರುಗುವ ತನಕ ಮಾವನೂ ಬಿಸಿಲಲ್ಲಿ ನಿಂತಿರುತ್ತಿದ್ದ. ಎತ್ತುಗಳ ಪಕ್ಕೆಲುಬು ಎದ್ದು ಕಾಣುತ್ತಿದ್ದವು. ಮಾವನವೂ.

ನನ್ನ ತಮ್ಮ ಅಂಜನ್ ಸಿನಿಮಾ ಮಾಡಲು ಹೊರಟದ್ದು ಇದನ್ನೇ.

ಅವನು ಹೈದರಾಬಾದಿನ ಒಂದು ಸ್ಟುಡಿಯೋದಲ್ಲಿ ಕಾರ್ಟೂನುಗಳಿಗೆ ಕಂಪ್ಯೂಟರಿನಲ್ಲಿ ಪ್ರಾಣಿಗಳ ನಡಿಗೆ ಬರೆಯುತ್ತಿದ್ದ. ಆನೆ, ಕುದುರೆ, ಯಾವುದೋ ದೇಶದ ಕರಡಿ. ಒಂದರಲ್ಲೂ ಅವನ ಹೆಸರು ಬರಲಿಲ್ಲ. ದುಡ್ಡು ನಾನು ಹಾಕುತ್ತೇನೆ, ನಿರ್ದೇಶಕನಾಗು ಎಂದು ಕರೆದವನು ಚಳ್ಳಕೆರೆಯ ಮುರುಗೇಶ್. ಎಣ್ಣೆ ಗಿರಣಿಯ ಮನೆತನ. ಗೋಡೆಗೆ ಕಲ್ಲು ಒದಗಿಸಿದ ಗುತ್ತಿಗೆಯೂ ಅವನದೇ. ನಮಗದು ಗೊತ್ತಿತ್ತು. ಬೇರೆ ಯಾರೂ ಕರೆದಿರಲಿಲ್ಲ.

ಶೂಟಿಂಗ್ ಮುಗಿದ ಮೇಲೆ ಮುರುಗೇಶ್ ನಮ್ಮ ಮನೆಗೇ ಬಂದ. ನಾನು ಕಾಫಿ ಕೊಟ್ಟೆ.

“ಗೋಡೆ ತೆಗಿಯಲೇ ಅಂಜನ್.”

“ಅದೇ ಕಥೆ ಅಣ್ಣಾ.”

“ಎತ್ತು ಕಥೆ. ಗೋಡೆ ಯಾರಿಗೆ ಬೇಕು? ಕಂಪ್ಯೂಟರ್‌ನಾಗೆ ಕರಡಿ ಕುಣಿಸ್ತಿದ್ದೋನು ನೀನು. ಒಂದು ಗೋಡೆ ಒರೆಸಾಕೆ ಆಗಲ್ವಾ?”

“ಆಗ್ತೈತೆ. ಒರೆಸಲ್ಲ.”

“ಬಿಡು. ಬೇರೆ ಹುಡುಗ್ರು ಅವ್ರೆ. ಗೋಡೆ ಜೊತೆಗೆ ಎತ್ತಿನ ಕಾಲೂ ಒರೆಸ್ತಾರೆ, ನಂಗೇನು?” ಲೋಟ ಕೆಳಗಿಟ್ಟು ನನ್ನ ಕಡೆ ನೋಡಿದ. “ಕಾಫಿ ಚೆನ್ನಾಗೈತೆ ಕಣಮ್ಮ.”

ಆ ಕಾಲಿನ ಮಾತು ಅಂಜನ್‌ನನ್ನು ಸೋಲಿಸಿತು. ಆ ನಡಿಗೆಯನ್ನು ಇನ್ನೊಬ್ಬರು ಕೆಡಿಸುವುದನ್ನು ಅವನು ತಾಳಲಾರ. ತಾನೇ ಕೂತು ಗೋಡೆಯನ್ನು ಒರೆಸಿದ. ಒರೆಸಿದ ಜಾಗವನ್ನು ಖಾಲಿ ಬಿಡುವಂತಿರಲಿಲ್ಲ. ಅಲ್ಲಿ ಹುಲ್ಲು ಬರೆದ, ಚಿಕ್ಕಂದಿನಲ್ಲಿ ಮಾವನ ಹೆಗಲ ಮೇಲೆ ಕೂತು ನೋಡಿದ್ದ ಹುಲ್ಲು. ನಿಂತಿದ್ದ ಎತ್ತುಗಳನ್ನು ಅದರೊಳಗೆ ನಡೆಸಿದ. ಬಹಳ ಚೆನ್ನಾಗಿ ಬಂದಿತ್ತು. ಅಷ್ಟು ಚೆನ್ನಾಗಿದ್ದುದಕ್ಕೇ ನನಗೆ ಭಯವಾಯಿತು.

ಆ ಬೇಸಿಗೆಯಲ್ಲಿ ಹಿರಿಯ ಎತ್ತು ಗೋಡೆಯ ಬುಡದಲ್ಲೇ ಮಲಗಿತು, ಏಳಲಿಲ್ಲ. ಮನುಷ್ಯರಿಗೆ ಮಾಡುವಂತೆ ಅದನ್ನು ಮಣ್ಣು ಮಾಡಿದರು. ಉಳಿದವಕ್ಕೆ ಮೇವು ಕೊಡಿ ಎಂದು ಊರಿನವರು ಚಳ್ಳಕೆರೆಯ ತಾಲ್ಲೂಕು ಕಚೇರಿಗೆ ಹೋಗಿ ಕೇಳಿದರು. ಅಲ್ಲಿನವರು ನೋಡೋಣ ಎಂದು ಕಳಿಸಿದರು.

ಸಿನಿಮಾದ ಮೊದಲ ಆಟ ಚಳ್ಳಕೆರೆಯ ಟಾಕೀಸಿನಲ್ಲಿ. ಊರಿನವರು ಟ್ರ್ಯಾಕ್ಟರ್ ಹತ್ತಿ ಬಂದರು. ಊರಿನವರು ಮೇವು ಕೇಳಲು ಹೋಗಿದ್ದ ಕಚೇರಿಯ ಅಧಿಕಾರಿಯೇ ಮುಖ್ಯ ಅತಿಥಿ, ಮುರುಗೇಶನ ಪಕ್ಕದಲ್ಲಿ ಕೂತಿದ್ದರು. ಪರದೆಯ ಮೇಲೆ ಸತ್ತ ಎತ್ತು ಮೊಣಕಾಲೆತ್ತರದ ಹುಲ್ಲಿನಲ್ಲಿ ನಡೆದು ಹೋಯಿತು. ಮಾವನ ಹೆಂಡತಿ ಯರ್ರಮ್ಮತ್ತೆ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು.

“ಅಳಬ್ಯಾಡ. ಸತ್ತ ಮೇಲಾದ್ರೂ ಹೊಟ್ಟೆ ತುಂಬ ಮೇಯ್ತಲ್ಲ” ಅಂದ ಮಾವ.

ದೀಪ ಹತ್ತಿದವು. ಅಧಿಕಾರಿ ಮೈಕ್ ಹಿಡಿದರು. “ಏನ್ರಯ್ಯಾ, ಇಷ್ಟು ಹುಲ್ಲು ಇಟ್ಕೊಂಡು ನಮ್ಮ ಹತ್ರ ಮೇವು ಕೇಳೋಕೆ ಬಂದಿದ್ರಾ?”

ಮುರುಗೇಶ್ ನಕ್ಕ. ಬೇರೆ ಯಾರೂ ನಗಲಿಲ್ಲ.

ಅಂಜನ್ ಎದ್ದು ನಿಂತ. “ಅದು ನಾನು ಬರ್ದ ಹುಲ್ಲು ಸಾರ್. ಅಲ್ಲಿರೋದು ಗೋಡೆ.”

“ಕೂತ್ಕಳಲೇ” ಅಂದ ಮುರುಗೇಶ್. “ಇನ್ನೊಂದು ಸಿನಿಮಾ ಹೆಂಗೆ ಮಾಡ್ತೀಯೋ ನೋಡ್ತೀನಿ.”

ಅಂಜನ್ ಕೂರಲಿಲ್ಲ. ಮಾವನೂ ಮೆಲ್ಲಗೆ ಎದ್ದ.

“ಎತ್ತುಗಳನ್ನ ನಿಮ್ಮ ಕಚೇರಿ ತಾವಕ್ಕೇ ಕರ್ಕೊಂಡು ಬರ್ತೀವಿ ಸ್ವಾಮಿ. ಆ ಹುಲ್ಲು ಎಲ್ಲೈತೆ ಅಂತ ನೀವೇ ಅವಕ್ಕೆ ತೋರಿಸ್ರಿ.”

“ತಮಾಷೆನಾ?” ಅಂದರು ಅಧಿಕಾರಿ.

“ಶುರು ಮಾಡಿದ್ದು ನಾವಲ್ಲ ಬಿಡ್ರಿ” ಅಂದಳು ಅತ್ತೆ.

ಮರುದಿನ ಎತ್ತುಗಳು ಎಂದಿನಂತೆ ಮೊದಲು ಗೋಡೆಗೆ ಹೋದವು. ಇಡೀ ಊರು ಕಾದು ನಿಂತಿತು. ಅವು ತಿರುಗಿದಾಗ ಊರೂ ಅವುಗಳ ಜೊತೆ ಚಳ್ಳಕೆರೆಯ ದಾರಿಗೆ ತಿರುಗಿತು. ಹಿಂದೆ ಬಸ್ಸುಗಳು ಹಾರ್ನ್ ಹೊಡೆಯುತ್ತಲೇ ಇದ್ದವು. ಎತ್ತುಗಳು ಅವಸರ ಮಾಡಲಿಲ್ಲ. ಪೇಟೆಯ ಬಾಗಿಲಲ್ಲಿ ಸಿನಿಮಾದ ಪೋಸ್ಟರ್ ಕಂಡಿತು. ಅಂಜನ್‌ನ ಹೆಸರಿನ ಮೇಲೆ ಆಗಲೇ ಬಿಳಿ ಕಾಗದ ಅಂಟಿಸಿದ್ದರು. ಅವನು ನೋಡಿದ, ನಡೆದ.

ಕಚೇರಿಯ ಗೇಟು ಮುಚ್ಚಿತ್ತು. ಎತ್ತುಗಳು ಗೇಟಿಗೆ ಮೂತಿಯಿಟ್ಟು ನಿಂತವು, ಗೋಡೆಯ ಹತ್ತಿರ ನಿಲ್ಲುವ ಹಾಗೆಯೇ.

“ಹೊಡ್ಕೊಂಡು ಹೋಗ್ರೋ ಇವನ್ನ. ಸಾಹೇಬ್ರ ಕಾರು ಹೊರಗೆ ಬರ್ಬೇಕು” ಅಂದ ಒಳಗಿದ್ದ ಪೊಲೀಸಿನವನು.

ಮಾವ ತಲೆಗೆ ಸುತ್ತಿದ್ದ ಟವೆಲ್ ಬಿಚ್ಚಿ ನೆಲಕ್ಕೆ ಹಾಸಿದ. ಅಂಜನ್‌ನ ಕೈ ಹಿಡಿದು ಪಕ್ಕದಲ್ಲಿ ಕೂರಿಸಿಕೊಂಡ.

“ದೇವರ ಎತ್ತಿಗೆ ಕೋಲು ಎತ್ತಂಗಿಲ್ಲ ಸ್ವಾಮಿ. ತಾವಾಗಿ ಅವೇ ಹೋಗ್ಬೇಕು. ನಾವು ಕಾಯ್ತೀವಿ.”