ಸುಕ್ಕು ಇರಲಿ ಬಿಡಿ

ನೀರು ಚಿಮುಕಿಸಿದ ಹತ್ತಿ ಬಟ್ಟೆಗೆ ಕಾದ ಇಸ್ತ್ರಿಪೆಟ್ಟಿಗೆ ತಗುಲಿದಾಗ ಏಳುವ ಆ ವಾಸನೆಯಲ್ಲೇ ಇಸ್ತ್ರಿಯಮ್ಮ ಬೆಳೆದವಳು. "ಸುಕ್ಕು ಮನೆಯೊಳಗಿರಲಿ, ಮಡಿಕೆ ಹೊರಗೆ ಕಾಣಲಿ" ಎನ್ನುತ್ತಿದ್ದಳು ಅವಳ ತಾಯಿ.

ಅದಕ್ಕೇ ದಿನವೂ ಚಿತ್ರ ತೆಗೆಯಲು ಕ್ಯಾಮೆರಾದವಳು ಬರುವ ಹೊತ್ತಿಗೆ ಮಗುವಿನ ಬಟ್ಟೆಗೆಲ್ಲ ಇಸ್ತ್ರಿ ಹಾಕಿ, ಹತ್ತೊಂಬತ್ತು ವರ್ಷದ ಬಾಣಂತಿ ಮಗಳ ತಲೆ ಬಾಚಿ, ಸ್ವಲ್ಪ ನಗು ಎಂದು ಕೂರಿಸುತ್ತಿದ್ದಳು. ಎಳೆಯ ತಾಯಂದಿರ ದಿನಗಳು ಹೇಗಿರುತ್ತವೋ ಹಾಗೇ ತೋರಿಸುವ ಚಿತ್ರವಂತೆ; ಆರೋಗ್ಯ ಕೇಂದ್ರದಲ್ಲಿ ಹಾಕುತ್ತಾರಂತೆ. ಮಗಳೇ ಒಪ್ಪಿದ್ದಳು. ಕ್ಯಾಮೆರಾದವಳು ಹೀಗೆ ಮಾಡಿ, ಹಾಗೆ ಮಾಡಿ ಎನ್ನುವವಳಲ್ಲ. ಮೂಲೆಯಲ್ಲಿ ಕೂತು ನೋಡುತ್ತಾಳೆ, ಅಷ್ಟೇ. ಇದೆಂಥ ಸಿನಿಮಾ, ಬಟ್ಟೆ ಒಣಗೋದನ್ನ ಕಾದ ಹಾಗೆ ಎಂದು ಇಸ್ತ್ರಿಯಮ್ಮ ಪಕ್ಕದ ಮನೆಯವಳ ಹತ್ತಿರ ನಕ್ಕಿದ್ದಳು.

ಚಿತ್ರ ತೆಗೆಯತೊಡಗಿದ ಆರನೆಯ ದಿನ ಮಗು ಒಂದೇ ಸಮನೆ ಅಳುತ್ತಿತ್ತು. ಮಗಳು ಎತ್ತಿಕೊಳ್ಳದೆ ಗೋಡೆ ನೋಡುತ್ತ ಹೇಳಿದಳು, "ಅಮ್ಮಾ, ಮಗು ಅಂದ್ರೆ ಜೀವ ಅಂತಾರೆ ಎಲ್ಲರೂ. ನಂಗೆ ಏನೂ ಅನ್ನಿಸ್ತಾನೇ ಇಲ್ಲ. ಸುಮ್ನೆ ಅಳು ಬರುತ್ತೆ."

ಇಸ್ತ್ರಿಯಮ್ಮ ಕ್ಯಾಮೆರಾಗೆ ಅಂಗೈ ಅಡ್ಡ ಹಿಡಿದಳು. "ಅದನ್ನ ಅಳಿಸಿಬಿಡು ತಾಯಿ. ಊರವರ ಬಾಯಿಗೆ ನಮ್ಮನ್ನ ಹಾಕ್ಬೇಡ."

ಕ್ಯಾಮೆರಾದವಳು ಆಗಲೇ ನಿಲ್ಲಿಸಿದ್ದಳು. ಮಗುವನ್ನು ಎತ್ತಿ ಅಜ್ಜಿಯ ತೋಳಿಗೆ ಕೊಟ್ಟಳು. ಇಡುವುದೂ ಅಳಿಸುವುದೂ ನಿಮ್ಮ ಮಗಳ ಇಷ್ಟ ಎಂದಳು. ಹೆರಿಗೆಯಾದ ಮೇಲೆ ಎಷ್ಟೋ ಜನಕ್ಕೆ ಹೀಗಾಗುತ್ತದೆ. ಅದು ಕೊಬ್ಬೂ ಅಲ್ಲ, ಗಾಳಿ ಸೋಕಿದ್ದೂ ಅಲ್ಲ. ಎರಡು ವಾರವಾದರೂ ಹೋಗದಿದ್ದರೆ ನರ್ಸಮ್ಮನಿಗೆ ಹೇಳಲೇಬೇಕು ಎಂದಳು.

"ತಿಂಗಳಾಯ್ತು" ಎಂದಳು ಮಗಳು.

ಇಸ್ತ್ರಿಯಮ್ಮ ಮಗುವನ್ನು ತಟ್ಟುತ್ತ ಯೋಚಿಸಿದಳು. ನಗಿಸಿದ್ದು ತಪ್ಪೋ, ಅಳುವುದನ್ನು ತೋರಿಸುವುದು ತಪ್ಪೋ?

ಇಷ್ಟು ದಿನ ತೆಗೆದದ್ದನ್ನು ನೋಡಬೇಕೆಂದಳು ಮಗಳು. ಮೂವರೂ ಕ್ಯಾಮೆರಾದ ಪುಟ್ಟ ಪರದೆಗೆ ಮುಖ ಕೊಟ್ಟು ಕೂತರು. ಮನೆಗೆ ಬಂದವರೆಲ್ಲ ಕೇಳುತ್ತಿದ್ದರು: ಮಗು ಹಾಲು ಕುಡೀತಾ, ಮಗು ಮಲಗ್ತಾ. ಅದರಲ್ಲಿ ಇಸ್ತ್ರಿಯಮ್ಮನ ದನಿಯೇ ಜೋರು. ಕಿಟಕಿಯ ಹತ್ತಿರ ಮಗಳ ಊಟ ದಿನವೂ ಆರಿ ತಣ್ಣಗಾಗುತ್ತಿತ್ತು. ಯಾರೂ ನೋಡಿರಲಿಲ್ಲ, ಕ್ಯಾಮೆರಾ ನೋಡಿತ್ತು.

"ಇರ್ಲಿ ಬಿಡಮ್ಮ" ಎಂದಳು ಮಗಳು. "ನನ್ನ ಹಾಗೆ ಇನ್ನೊಬ್ಬಳು ಕೂತಿದ್ರೆ ನೋಡ್ಲಿ."

ಮರುದಿನ ಬೆಳಿಗ್ಗೆಯೇ ತಾಯಿ ಮಗಳು ನರ್ಸಮ್ಮನ ಹತ್ತಿರ ಹೋಗಿಬಂದರು. ಅವರು ಹೇಳಿದ್ದರಲ್ಲಿ ಇಸ್ತ್ರಿಯಮ್ಮನಿಗೆ ಅರ್ಥವಾದದ್ದೆಷ್ಟೋ, ಆಗದ್ದೆಷ್ಟೋ. ಮುಂದಿನ ವಾರ ಮತ್ತೆ ಹೋಗಬೇಕು ಎಂಬುದಂತೂ ಗಟ್ಟಿಯಾಗಿ ನೆನಪಿದೆ.

ನಿಮ್ಮ ಮನೆಯಲ್ಲೂ ಹೊಸ ತಾಯಿ ಇದ್ದರೆ, ಮಗುವನ್ನು ನೋಡಿದ ಕಣ್ಣಲ್ಲೇ ಅವಳನ್ನೂ ನೋಡಿ. ಅವಳು ಹೇಳಹೊರಟರೆ ಬಾಯಿ ಮುಚ್ಚಿಸಬೇಡಿ. ಜೊತೆಯಲ್ಲಿ ಆರೋಗ್ಯ ಕೇಂದ್ರಕ್ಕೆ ನಡೆಯಿರಿ.

ನರ್ಸಮ್ಮನ ಹತ್ತಿರ ಹೋಗಿಬಂದ ದಿನ ಇಸ್ತ್ರಿಯಮ್ಮ ಪೆಟ್ಟಿಗೆ ಕಾಯಿಸಲಿಲ್ಲ. ಕ್ಯಾಮೆರಾ ಓಡುತ್ತಿತ್ತು. ಸುಕ್ಕು ಬಟ್ಟೆಯಲ್ಲೇ ಮಗುವನ್ನು ಹೆಗಲಿಗೆ ಹಾಕಿಕೊಂಡು, ಬಿಸಿ ಊಟದ ತಟ್ಟೆಯನ್ನು ಮಗಳ ಕೈಗಿಟ್ಟಳು.