ಕಿಯೋಮಿ ತಿದ್ದಿದ ದೃಶ್ಯ

ಅಮೆರಿಕದ ಫೋರ್ಟ್ ಲೀಯಲ್ಲಿ ನಮ್ಮ ಮೇಲಿನ ಮಹಡಿಯಲ್ಲಿರುವ ಕಿಯೋಮಿಯನ್ನು ಕಂಡರೆ ನನಗೆ ಹೊಟ್ಟೆ ಉರಿಯುತ್ತದೆ. ಮುಚ್ಚಿಡುವುದೇನಿದೆ? ಜಪಾನಿನಲ್ಲಿ ಅವಳು ಸಾಲು ಸಾಲು ಸಿನಿಮಾ ಬರೆದಿದ್ದಾಳೆ. ಟೀವಿ ಧಾರಾವಾಹಿಗಳನ್ನಂತೂ ಮೊದಲ ಕಂತಿನಿಂದ ಕೊನೆಯವರೆಗೆ ಒಬ್ಬಳೇ ಬರೆದು, ತನ್ನೊಬ್ಬಳದೇ ಹೆಸರು ಹಾಕಿಸಿಕೊಂಡಿದ್ದಾಳೆ. ನಾನು ಬೆಂಗಳೂರಿನಲ್ಲಿ ವರ್ಷಗಟ್ಟಲೆ ದಿನದ ಧಾರಾವಾಹಿಗಳಿಗೆ ಸಂಭಾಷಣೆ ಬರೆದವಳು. ತಾರಿಣಿ ಎಂಬ ನನ್ನ ಹೆಸರು ತೆರೆಯ ಮೇಲೆ ಬರುವಷ್ಟರಲ್ಲಿ ಜಾಹೀರಾತು ಶುರುವಾಗುತ್ತಿತ್ತು.

ಈಗ ಇಲ್ಲಿನ ಕಂಪನಿಯೊಂದು ಹತ್ತಿರದ ಎಡಿಸನ್ ಊರಿನ ಭಾರತೀಯ ಕುಟುಂಬದ ಕಥೆ ಬರೆಯಲು ಅವಳಿಗೇ ಹೇಳಿತು. ನಾನು ಕೆಳಗಿನ ಮನೆಯಲ್ಲೇ ಇದ್ದೆನಲ್ಲ. ಅತ್ತೆ ಸೊಸೆಯ ಒಂದು ದೃಶ್ಯ ಬರೆದುಕೊಡು, ಅವರಿಗೆ ಹಿಡಿಸಿದರೆ ನಿನ್ನ ಹೆಸರೂ ಬರುತ್ತದೆ ಎಂದಳು ಕಿಯೋಮಿ. ಹೆಸರು ಎಂದ ಕೂಡಲೇ ನನ್ನ ಬಿಗುಮಾನ ಕರಗಿತು.

ಊರಿಗೆ ಹೊರಟ ಅತ್ತೆ ಏರ್‌ಪೋರ್ಟಿನಲ್ಲಿ ಸೊಸೆಯ ಕ್ಷಮೆ ಕೇಳುವ ದೃಶ್ಯ. ಪುಟಗಟ್ಟಲೆ ಬರೆದೆ. ಒಂದೇ ಮಾತನ್ನು ಮೂರು ಸಲ ಹೇಳಿಸಿದ್ದೇಕೆ ಎಂದು ಕಿಯೋಮಿ ಕೇಳಿದಳು. ನಮ್ಮ ಹೆಂಗಸರು ಒಗ್ಗರಣೆ ಹಾಕುತ್ತ ಅಡುಗೆಮನೆಯಿಂದಲೇ ಧಾರಾವಾಹಿ ಕೇಳುತ್ತಾರೆ, ಮತ್ತೆ ಮತ್ತೆ ಹೇಳದಿದ್ದರೆ ಕಥೆ ತಪ್ಪಿಹೋಗುತ್ತದೆ ಎಂದೆ. ಅವಳು ತಲೆದೂಗಿ ಪೆನ್ಸಿಲ್ ಎತ್ತಿಕೊಂಡಳು. ಮಾತೆಲ್ಲ ಹೋಯಿತು. ನಾನು ಪುಟದ ಮೂಲೆಯಲ್ಲಿ ಸುಮ್ಮನೆ ಬರೆದಿದ್ದ ಒಂದು ವಿಷಯ ಮಾತ್ರ ಉಳಿಯಿತು: ಅತ್ತೆ ತಾನು ಇಷ್ಟು ದಿನ ಹಾಕಿಕೊಂಡಿದ್ದ ಸೊಸೆಯ ಸ್ವೆಟರ್ ಬಿಚ್ಚಿ ಮಡಿಸಿಕೊಡುತ್ತಾಳೆ, ಸೊಸೆ ಅದನ್ನು ಮತ್ತೆ ಅವಳಿಗೇ ತೊಡಿಸಿ ಗುಂಡಿ ಹಾಕುತ್ತಾಳೆ. ನನಗೆ ಮೈಯೆಲ್ಲ ಉರಿದುಹೋಯಿತು. ಏಕೆಂದರೆ ಅದು ಚೆನ್ನಾಗಿತ್ತು.

ಮುಂದಿನ ವಾರ ಕಂಪನಿಯವರ ಫೋನ್ ನನಗೇ ಬಂತು. ಕಿಯೋಮಿ ದೃಶ್ಯವನ್ನು ನನ್ನೊಬ್ಬಳ ಹೆಸರಿನಲ್ಲಿ ಕಳಿಸಿದ್ದಳು. ಓದಿದವರೆಲ್ಲ ಅತ್ತರಂತೆ. ಒಂದು ಕಂತು ಪೂರ್ತಿ ನಾನೇ ಬರೆಯಬೇಕಂತೆ, ಹೀಗೆಯೇ, ಹೆಚ್ಚು ಮಾತಿಲ್ಲದೆ. ಆಗಲಿ ಎಂದುಬಿಟ್ಟೆ.

"ಕ್ರೆಡಿಟ್ ಸಿಕ್ತಲ್ಲ, ಇನ್ನೇನು ಪ್ರಾಬ್ಲಮ್ ನಿಂಗೆ?" ಎಂದ ಗಂಡ ವಿಶ್ರುತ್.

"ಅವಳ ಥರ ಬರೆಯಕ್ಕೆ ನಂಗೆ ಬರಲ್ಲ ಕಣೋ," ಎಂದೆ.

ಬರೆದದ್ದೆಲ್ಲ ಹರಿದು ಹಾಕಿ ಸಾಕಾಗಿ, ಕೊನೆಗೆ ಮಹಡಿ ಹತ್ತಿದೆ. ಕಿಯೋಮಿ ಬಾಗಿಲು ತೆಗೆದವಳೇ ನನ್ನ ಎರಡೂ ಕೈ ಹಿಡಿದುಕೊಂಡು, ನಿನ್ನ ಹೆಸರಿನಲ್ಲೇ ಕಳಿಸಿದ್ದು ಖುಷಿಯಾಯಿತೇ ಎಂದು ಕೇಳಿದಳು. ಅವಳ ಮುಖದಲ್ಲಿ ಕೊಂಕು ಹುಡುಕಿದೆ, ಸಿಗಲಿಲ್ಲ. ಆ ಗಳಿಗೆಯಲ್ಲಿ ಅವಳನ್ನು ದ್ವೇಷಿಸಿದಷ್ಟು ನಾನು ಯಾರನ್ನೂ ದ್ವೇಷಿಸಿಲ್ಲ.

"ನನಗೆ ಕಲಿಸು," ಎಂದೆ.