ತೊಮಾಸಾಳ ಏಪ್ರನ್

ಎರಡನೆಯ ಲೋಟಕ್ಕೂ ಕಾಫಿ ಸುರಿದು ಎಲ್ವಿರಾ, "ಏಳೋ ಗಾಸ್ಪರ್, ಆರಿಹೋಗ್ತಿದೆ," ಎಂದಳು. ಕುರ್ಚಿಯ ಬೆನ್ನಿಗೆ ಅವನ ಮಫ್ಲರ್ ಇತ್ತು. ಗಂಡನನ್ನು ಮಣ್ಣು ಮಾಡಿ ಬಂದದ್ದು ನಿನ್ನೆ.

ಖಾಲಿ ಬಟ್ಟೆಯೊಂದಿಗೆ ಮಾತಾಡುವ ಆ ಸಿನಿಮಾ ದೃಶ್ಯ ನೆನಪಾಗಿ ಅವಳ ಮುಖ ಬಿಸಿಯಾಯಿತು. ಅದನ್ನು ಬರೆದವನು ಗಾಸ್ಪರ್.

*

ನಿನ್ನೆ ಮಣ್ಣಿಗೆ ಮುಂಚೆ, ಶವಗೃಹದ ಗಾಜಿನಾಚೆ ಅವನು ಮಲಗಿದ್ದ. ಈಚೆ ಎಲ್ಲರೂ ಅವನ ಸಿನಿಮಾಗಳ ಮಾತಾಡುತ್ತಿದ್ದರು. ಹದಿನಾಲ್ಕು ವರ್ಷದಲ್ಲಿ ಒಂಬತ್ತು ಹಾಸ್ಯಚಿತ್ರ ಬರೆದಿದ್ದ. ಮ್ಯಾಡ್ರಿಡ್ಡಿನ ಬಾಯಲ್ಲಿ ಉಳಿದದ್ದು ಒಂದೇ ದೃಶ್ಯ: ಚುರ್ರೊ ಎಂಬ ಹಿಟ್ಟಿನ ತಿಂಡಿ ಕರಿಯುವವನೊಬ್ಬ ಸತ್ತ ಹೆಂಡತಿಯ ಏಪ್ರನ್ ಜೊತೆ ಜಗಳವಾಡುವುದು.

ಅವನ ಜೊತೆ ಬರೆಯುತ್ತಿದ್ದ ಬೆನಿತೊ ತನ್ನ ಕೋಟನ್ನು ಗೂಟಕ್ಕೆ ಹಾಕಿ ಅಭಿನಯಿಸಿದ. "ಲೇ ಇವಳೇ, ಎಣ್ಣೆ ಕಾದಿದೆ, ಎಲ್ಲಿ ಹಾಳಾಗಿ ಹೋದೆ? ಅಯ್ಯೋ, ಮರ್ತೇಬಿಟ್ಟೆ, ನಾನೇ ಹೂತು ಬಂದೆನಲ್ಲ!"

ಎಲ್ಲರೂ ನಕ್ಕರು. ಎಲ್ವಿರಾಳೂ ನಕ್ಕಳು. ನಗುತ್ತಲೇ ಬಾಗಿಲ ಕಡೆ ನೋಡಿದಳು. ಅವರ ಬೀದಿಯ ಚುರ್ರೊ ಅಂಗಡಿಯ ಎಲಾದಿಯೊ ಟೋಪಿ ಹಿಡಿದು ನಿಂತಿದ್ದ.

"ಅಸಲಿ ಮಾಲೇ ಬಂತಲ್ಲಪ್ಪಾ!" ಎಂದ ಬೆನಿತೊ. "ಮಾವಾ, ನೀವೇ ಒಂದ್ಸಲ ಆಡಿ ತೋರ್ಸಿ. ನಂದೇನಿದ್ರೂ ನಕಲಿ."

"ನಂಗೆ ಬರಲ್ಲಪ್ಪ," ಎಂದ ಎಲಾದಿಯೊ. "ಈಗ ಬರಲ್ಲ."

*

ಎಲಾದಿಯೊನ ಸತ್ತ ಹೆಂಡತಿ ತೊಮಾಸಾಳ ಏಪ್ರನ್ ಗಾಸ್ಪರನ ಕಪಾಟಿನ ತಳದಲ್ಲಿತ್ತು. "ಶೂಟಿಂಗಿಗೆ, ಎರಡೇ ದಿನ" ಎಂದು ಎಲಾದಿಯೊನಿಂದ ಇಸಕೊಂಡು ಬಂದು ಏಳು ವರ್ಷ. ಕೊಟ್ಟು ಬಾ ಎಂದು ಎಲ್ವಿರಾ ಒಮ್ಮೆಯೂ ಹೇಳಿರಲಿಲ್ಲ.

ಇವತ್ತು ಅದನ್ನು ಅವಳೇ ಒಯ್ದಾಗ ಅಂಗಡಿಯಲ್ಲಿ ಗಿರಾಕಿಗಳಿರಲಿಲ್ಲ. ಬಾಣಲೆಯ ಹಿಂದಿನ ಗೋಡೆಯ ಮೊಳೆ ಖಾಲಿಯಿತ್ತು. ಎಲಾದಿಯೊ ಕೈ ಒರೆಸಿಕೊಂಡು ಏಪ್ರನ್ ತೆಗೆದುಕೊಂಡ, ಮೂಗಿನ ಹತ್ತಿರ ಹಿಡಿದ.

"ಒಗ್ದುಬಿಟ್ಟಿದ್ದಾರೆ."

"ಸಿನಿಮಾದವರು ಒಗೆದಿರ್ಬೇಕು." ಎಲ್ವಿರಾ ಮೊಳೆಯ ಕಡೆ ನೋಡಿ ಕೇಳಿದಳು: "ಈಗ್ಲೂ ಮಾತಾಡ್ತೀರಾ, ತೊಮಾಸಾ ಜೊತೆ?"

"ಎಲ್ಲಮ್ಮಾ. ಬಾಯಿ ತೆಗೆದ್ರೆ ಸಾಕು, ಜನ ನಗೋಕೆ ಕಾಯ್ತಿರ್ತಾರೆ."

"ಥಿಯೇಟರಿನಲ್ಲಿ ಎಲ್ಲರಿಗಿಂತ ಜೋರಾಗಿ ನಕ್ಕವಳು ನಾನು. ನಿನ್ನೆಯೂ ನಕ್ಕೆ."

"ನೋಡ್ದೆ," ಎಂದ ಎಲಾದಿಯೊ.

"ಇವತ್ತು ಎರಡು ಲೋಟಕ್ಕೆ ಕಾಫಿ ಸುರಿದೆ."

ಅವನು ಅವಳನ್ನೇ ನೋಡಿದ. ಆಮೇಲೆ ಏಪ್ರನ್ ಮೊಳೆಗೆ ಹಾಕಿ ಅದರ ದಾರ ನೇರ ಮಾಡಿದ. ಬೀದಿಯ ಕಡೆ ಕಣ್ಣು ಹಾಯಿಸಿ ತುಟಿ ಬಿಗಿದು ನಿಂತ.

ಎಲ್ವಿರಾ ಹೊರಗೆ ಬಂದು ಕಬ್ಬಿಣದ ಶಟರನ್ನು ಮೊಣಕಾಲಿನವರೆಗೆ ಎಳೆದಳು. ಅದಕ್ಕೆ ಬೆನ್ನು ಕೊಟ್ಟು ನಿಂತಳು.

ಚುರ್ರೊ ಕೊಳ್ಳಲು ಬಂದ ಹೆಂಗಸು ಬಗ್ಗಿ ನೋಡಿದಳು. "ಏನಿದು, ಇಷ್ಟು ಹೊತ್ತಾದ್ರೂ ತೆಗೆದಿಲ್ವಾ? ಒಳಗೆ ಯಾರೋ ಮಾತಾಡ್ತಿದ್ದಾರಲ್ಲ?"

"ಹೆಂಡತಿ ಬಂದಿದ್ದಾರೆ," ಎಂದಳು ಎಲ್ವಿರಾ. "ಸ್ವಲ್ಪ ತಡೀರಿ."

ಶಟರಿನ ಕೆಳಗೆ ಎಲಾದಿಯೊನ ಹಿಟ್ಟು ಮೆತ್ತಿದ ಬೂಟುಗಳು ಗೋಡೆಯ ಕಡೆ ತಿರುಗಿದ್ದವು.